ಬೆಳ್ಳಿ ವೀರಭದ್ರ: ಗಡಿಗೆಪ್ಪನ ಜೋಡೆತ್ತು

“ಮೊದಲ ಬೇಡಿ ಬಿಚ್ರಿ. ಆಮ್ಯಾಲ ಒಳಗ ಕರ್ಕೊಂಡು ಬರ್ರಿ.”

ಮಾನ್ವಿ ಕೋರ್ಟಿನ ಬಾಗಿಲಿಗೆ ಅಡ್ಡಲಾಗಿ ನಿಂತು ಯಶೋಧಾ ಹೇಳಿದಳು. ಕೈಯಲ್ಲಿ ಫೈಲು, ಮೈಮೇಲೆ ರಾಯಚೂರಿನಿಂದ ಬಸ್ಸಿನಲ್ಲಿ ಮುದುಡಿಕೊಂಡು ಬಂದ ಕರಿ ಕೋಟು. ಅವಳ ಕಕ್ಷಿದಾರ ದುರುಗೇಶನನ್ನು ಜೈಲಿನಿಂದ ಕರೆತಂದಿದ್ದ ಹವಾಲ್ದಾರ ಹುಲಿಗೇಶ ಪಾಪದ ಮನುಷ್ಯ. ಇಷ್ಟೊತ್ತು ಬಿಸಿಲಿಗೆ ಬೆವರಿದ್ದ, ಈಗ ವಕೀಲರಮ್ಮನನ್ನು ಕಂಡು ಬೆವರಿದ.

“ನಾ ಏನ್ ಮಾಡ್ಲಿರೀ ಮೇಡಂ? ಇವನು ರೂಢಿಗತ ಕಳ್ಳ ಅಂತ ಬರದಾರ. ಅಂಥವ್ರಿಗೆ ಬೇಡಿ ಹಾಕಬೇಕಂತ ಮ್ಯಾಲಿನವ್ರು ಹೇಳ್ಯಾರ.”

ಮಾತು ಒಳಗೆ ಕುಳಿತಿದ್ದ ಮ್ಯಾಜಿಸ್ಟ್ರೇಟರ ಕಿವಿಗೆ ಬಿತ್ತು. ಅವರು ಕನ್ನಡಕದ ಮೇಲಿಂದ ನೋಡಿದರು.

“ಇವನಿಗೆ ಹಿಂದೆ ಯಾವ ಕೇಸಿನಲ್ಲಾದರೂ ಶಿಕ್ಷೆ ಆಗಿದೆಯೇನ್ರಿ?”

“ಇಲ್ರಿ.”

“ಬೇರೆ ಕೇಸು?”

“ಇಲ್ರಿ. ಇವರಪ್ಪನ ಹೆಸರು ಸ್ಟೇಷನ್ನಿನಾಗ ಇತ್ತಂತ್ರಿ. ಅಜ್ಜಂದೂ ಇತ್ತಂತ.”

“ಹಾಗಾದರೆ ರೂಢಿ ಇವನದಲ್ಲ, ನಿಮ್ಮದು. ಬಿಚ್ಚಿ.”

ಹುಲಿಗೇಶ ಕೀಲಿ ಹುಡುಕಲು ಎಲ್ಲ ಜೇಬುಗಳನ್ನೂ ತಡವಿದ. ಬೇಡಿ ಬಿಚ್ಚಿದ ಮೇಲೆ ದುರುಗೇಶ ಮಣಿಕಟ್ಟು ಉಜ್ಜಿಕೊಳ್ಳುತ್ತ ಯಶೋಧಾಳ ಕಡೆ ನೋಡಿ ನಕ್ಕ. ಕೇಸು ಹಿಡಿದಾಗಿನಿಂದ ಅವನು ನಕ್ಕಿದ್ದನ್ನು ಅವಳು ಕಂಡಿರಲಿಲ್ಲ.

ಮಾನ್ವಿಯ ಅಕ್ಕಿ ಗಿರಣಿ ಮಾಲೀಕ ಬಸವಲಿಂಗನ ಮನೆದೇವರು ವೀರಭದ್ರನ ಬೆಳ್ಳಿ ಮುಖವಾಡ ಹೋದ ಶ್ರಾವಣದಲ್ಲಿ ಕಾಣೆಯಾಗಿತ್ತು. ಪೂಜೆಗೆ ಶಹನಾಯಿ ಊದಲು ಬಂದಿದ್ದ ದೇವದುರ್ಗದ ಕೊರವರ ಓಣಿಯ ದುರುಗೇಶ ಕಳ್ಳನೆಂದು ಜೈಲಿನ ಒಳಗೆ ಹೋಗಿದ್ದ.

ಆ ಓಣಿಯವರ ಪಾಲಿಗೆ ಇದು ಹೊಸದೇನಲ್ಲ. ಹುಟ್ಟಿದ ಕೂಸಿನಿಂದ ಹಿಡಿದು ಎಲ್ಲರನ್ನೂ ಕಳ್ಳರೆಂದು ಕರೆದ ಕಾನೂನೊಂದು ಹಿಂದೆ ಇತ್ತು. ಆಗ ಅವರ ಅಜ್ಜ ಮುತ್ತಜ್ಜಂದಿರು ಪೊಲೀಸರ ಮುಂದೆ ಹೋಗಿ ಹಾಜರಿ ಹಾಕಬೇಕಿತ್ತು. ಕಾನೂನು ಸತ್ತು ಎಷ್ಟೋ ಕಾಲವಾಯಿತು, ಅಭ್ಯಾಸ ಮಾತ್ರ ಉಂಡು ತಿಂದು ಗಟ್ಟಿಮುಟ್ಟಾಗಿದೆ. ಊರಲ್ಲಿ ಏನೇ ಕಳುವಾದರೂ ಜೀಪು ಮೊದಲು ತಿರುಗುವುದು ಆ ಓಣಿಗೇ.

ದುರುಗೇಶನಿಗೆ ಜಾಮೀನು ಸಿಕ್ಕಿ ಬಹಳ ದಿನವಾಗಿತ್ತು. ಆದರೆ ಹೊಲದ ಪಹಣಿ ಇರುವ ಜಾಮೀನುದಾರರು ಬೇಕು ಎಂಬುದು ಕಟ್ಟಳೆ. ಈಚಲ ಗರಿಯ ಕಸಬರಿಗೆ ಕಟ್ಟಿ ಮಾರುವವರ ಓಣಿಯಲ್ಲಿ ಪಹಣಿ ಎಲ್ಲಿಂದ ಬರಬೇಕು? ಜಾಮೀನು ಸಿಕ್ಕಿಯೂ ಹುಡುಗ ಜೈಲಿನಲ್ಲೇ ಕೊಳೆಯುತ್ತಿದ್ದ. ಸರ್ಕಾರದ ಉಚಿತ ಕಾನೂನು ನೆರವಿನಲ್ಲಿ ಈ ಕೇಸು ಯಶೋಧಾಳ ಪಾಲಿಗೆ ಬಂದಾಗ ರಾಯಚೂರಿನ ಬಾರ್ ರೂಮಿನಲ್ಲಿ ಕೆಲವರು, “ಮುಖವಾಡ ಸಿಕ್ಕೇ ಬಿಟ್ಟದ, ಇನ್ನೇನು ವಾದ ಮಾಡ್ತೀಯವ್ವ?” ಎಂದು ನಕ್ಕಿದ್ದರು.

ಅವರು ಹೇಳಿದ್ದು ಸುಳ್ಳೇನಲ್ಲ. ಪೊಲೀಸರ ಕೈಯಲ್ಲಿ ಇದ್ದದ್ದು ಅದೊಂದೇ ಪುರಾವೆ: ಹಿಡಿದ ದಿನವೇ ದುರುಗೇಶ ಪೊಲೀಸರನ್ನು ಮಸರಕಲ್ಲಿನ ಕಾಲುವೆ ದಂಡೆಗೆ ಕರೆದೊಯ್ದು, ಹೂತಿಟ್ಟ ಮುಖವಾಡ ತೆಗೆದು ಕೊಟ್ಟನಂತೆ. ಅದನ್ನು ಕಣ್ಣಾರೆ ಕಂಡೆನೆಂದು ಪಂಚನಾಮೆಗೆ ಸಹಿ ಹಾಕಿದ ಪಂಚ ಇವತ್ತು ಕಟಕಟೆ ಹತ್ತಿದ್ದ. ಅವನು ನಿಂತರೆ ದುರುಗೇಶ ಬಿದ್ದ ಹಾಗೆ, ಅವನು ಬಿದ್ದರೆ ದುರುಗೇಶ ಎದ್ದ ಹಾಗೆ.

ಪಂಚನ ಹೆಸರು ಗಡಿಗೆಪ್ಪ, ಮಸರಕಲ್ಲಿನ ರೈತ. ಹಣೆ ತುಂಬ ವಿಭೂತಿ, ಕೊರಳಲ್ಲಿ ಲಿಂಗವಿಟ್ಟ ಬೆಳ್ಳಿಯ ಕರಡಿಗೆ, ಇಸ್ತ್ರಿ ಮಾಡಿದ ಬಿಳಿ ಅಂಗಿ. ಸುಳ್ಳು ಹೇಳುವ ಮುಖವಲ್ಲ ಎಂದು ಯಾರಿಗಾದರೂ ಅನ್ನಿಸಬೇಕು. ಯಶೋಧಾಳಿಗೂ ಹಾಗೇ ಅನ್ನಿಸಿತು.

ಸರ್ಕಾರಿ ವಕೀಲ ಮುಷರ್ರಫ್ ನಿಧಾನವಾಗಿ ಕೇಳಿದರು. “ಆವತ್ತು ಏನಾತ್ರಿ, ಹೇಳ್ರಿ.”

“ಹೋದ ವರ್ಷ ಆಗಸ್ಟ್ ಹದಿನೆಂಟನೇ ತಾರೀಖು,” ಗಡಿಗೆಪ್ಪ ಶಾಲೆಯ ಹುಡುಗ ಮಗ್ಗಿ ಒಪ್ಪಿಸುವ ಹಾಗೆ ಶುರು ಮಾಡಿದ, “ಮಧ್ಯಾಹ್ನ ನಾನು ನನ್ನ ಹತ್ತಿ ಹೊಲದಾಗ ಕಸ ತಗಿಯಾಕ ಎತ್ತು ಹೂಡಿ ಎಡಿ ಹೊಡಿಯಾಕತ್ತಿದ್ದೆ. ಪೊಲೀಸ್ ಸಾಹೇಬ್ರು ಬಂದು ಪಂಚ ಆಗಂದ್ರು. ಎತ್ತು ನಿಲ್ಲಿಸಿ ಹ್ವಾದೆ. ಈ ಹುಡುಗ ಕಾಲುವಿ ದಂಡಿ ಕೆದರಿ ಗಂಟು ತಗದ. ಒಳಗ ಮುಖವಾಡ ಇತ್ತು. ನಾ ಸಹಿ ಮಾಡಿದೆ.”

“ಅಷ್ಟೇ?”

“ಅಷ್ಟ ರೀ.”

ಹಿಂದಿನ ಬೆಂಚಿನಲ್ಲಿ ಬಸವಲಿಂಗ ಸಮಾಧಾನದಿಂದ ಕಾಲ ಮೇಲೆ ಕಾಲು ಹಾಕಿದ. ಅವನ ಸಾಕ್ಷಿ ಹಿಂದಿನ ವಾಯಿದೆಗೇ ಮುಗಿದಿತ್ತು. ಪೊಲೀಸರು ಹಾಜರುಪಡಿಸಿದ ಮುಖವಾಡವನ್ನು ನೋಡಿ, “ಇದು ನಮ್ಮದ” ಎಂದು ಹೇಳಿ ಹೋಗಿದ್ದ. ಇವತ್ತು ಅವನ ಪಕ್ಕದಲ್ಲಿ ಹೆಂಡತಿ ವಿಜಯಲಕ್ಷ್ಮಿ ಕುಳಿತಿದ್ದಳು. ಆಕೆ ಕೋರ್ಟಿಗೆ ಬಂದದ್ದು ಇದೇ ಮೊದಲು. ಬಂದದ್ದು ಗಂಡನಿಗೆ ಇಷ್ಟವಿರಲಿಲ್ಲ ಎಂಬುದು ಅವರಿಬ್ಬರ ನಡುವೆ ಮೂರನೆಯವರು ಕೂರುವಷ್ಟು ಜಾಗ ಖಾಲಿ ಬಿದ್ದದ್ದರಿಂದಲೇ ತಿಳಿಯುತ್ತಿತ್ತು.

“ಪಾಟೀಸವಾಲು ಊಟದ ನಂತರ,” ಎಂದು ಮ್ಯಾಜಿಸ್ಟ್ರೇಟರು ಎದ್ದರು.

*

ಬೇವಿನ ಮರದ ಕೆಳಗೆ ದುರುಗೇಶನ ತಾಯಿ ತಿಮ್ಮವ್ವ ರೊಟ್ಟಿ ಗಂಟು ಬಿಚ್ಚಿದ್ದಳು. ಮಗನಿಗೆ ತಿನ್ನಿಸಲು ಹುಲಿಗೇಶ ಬಿಟ್ಟಿದ್ದ. ಬಿಟ್ಟದ್ದಷ್ಟೇ ಅಲ್ಲ, ಶೇಂಗಾ ಚಟ್ನಿ ಹಚ್ಚಿದ ಒಂದು ರೊಟ್ಟಿ ತಾನೂ ಇಸಿದುಕೊಂಡು ಬೇರೆ ಕಡೆ ಮುಖ ಮಾಡಿ ತಿನ್ನುತ್ತಿದ್ದ.

ಯಶೋಧಾಳ ಗಂಟಲಲ್ಲಿ ರೊಟ್ಟಿ ಇಳಿಯಲಿಲ್ಲ. ಗಡಿಗೆಪ್ಪನನ್ನು ಎಲ್ಲಿಂದ ಹಿಡಿಯಬೇಕೆಂದೇ ತಿಳಿದಿರಲಿಲ್ಲ.

ಅಷ್ಟರಲ್ಲಿ ಪಿಎಸ್‌ಐ ಉಮೇಶ ಬಂದ. ಕೇಸಿನ ತನಿಖೆ ಮಾಡಿದವನು ಅವನೇ. ಬೆಂಗಳೂರಿನಲ್ಲಿ ಹುಟ್ಟಿ ಬೆಳೆದವನು, ನೀಟಾಗಿ ಮಾತಾಡುವವನು. ಬೈಗುಳವನ್ನೂ ಬಹುವಚನದಲ್ಲೇ ಬೈಯುತ್ತಾನೆಂದು ಹೆಸರಾಗಿದ್ದ.

“ಮೇಡಂ, ಯಾಕೆ ಎಳೀತೀರ? ಹುಡುಗ ತಪ್ಪೊಪ್ಪಿಕೊಳ್ಳಲಿ. ಇಷ್ಟು ದಿನ ಒಳಗಿದ್ದದ್ದನ್ನೇ ಶಿಕ್ಷೆ ಅಂತ ಲೆಕ್ಕ ಹಿಡಿದು ಬಿಡ್ತಾರೆ. ಸಂಜೆ ಬಸ್ಸಿಗೆ ಅಮ್ಮ ಮಗ ಊರಿಗೆ ಹೋಗಬಹುದು.”

“ನೀವು ಬಹಳ ದಯಾವಂತರ್ರಿ,” ಯಶೋಧಾ ಅಂದಳು.

“ಒಳ್ಳೇದಕ್ಕೇ ಹೇಳಿದೆ,” ಎಂದು ಅವನು ಹೊರಟುಹೋದ.

ತಿಮ್ಮವ್ವನ ಕೈ ರೊಟ್ಟಿಯ ಮೇಲೆ ನಿಂತಿತ್ತು. “ಒಪ್ಪಿಕೊಂಡ್ರ ಸಂಜಿಗಿ ಮನಿಗಿ ಬರ್ತಾನೇನ ಯವ್ವಾ?”

ಯಶೋಧಾ ಸುಳ್ಳು ಹೇಳಲಿಲ್ಲ. “ಬರಬಹುದು ಯವ್ವಾ. ಆದ್ರ ಇಲ್ಲೀತನಕ ಅವನ ಮ್ಯಾಲ ಇರೋದು ಬರೀ ಅನುಮಾನ. ಒಪ್ಪಿಕೊಂಡ್ರ ಕೋರ್ಟಿನ ಮುದ್ರಿನೇ ಬೀಳ್ತದ. ಮುಂದ ಎಲ್ಲಿ ಏನ್ ಕಳುವಾದ್ರೂ ಇವನ ಹೆಸರ ಮೊದಲ.”

“ನಾ ಒಪ್ಪಂಗಿಲ್ಲ,” ದುರುಗೇಶ ನೆಲ ನೋಡುತ್ತ ಹೇಳಿದ. “ಕಳ್ಳ ಊದಿದ ಶಹನಾಯಿಗೆ ಯಾರು ತಾಳಿ ಕಟ್ಟತಾರಬೇ ಯವ್ವಾ? ನಂಗ ಊದೋದು ಬಿಟ್ರ ಬ್ಯಾರೆ ಏನ್ ಬರ್ತದ?”

ತಿಮ್ಮವ್ವ ಸೆರಗಿನಿಂದ ಕಣ್ಣೊರೆಸಿಕೊಂಡಳು. ಅತ್ತರೂ ಅವಳ ಮಾತು ನಿಲ್ಲುವುದಲ್ಲ. “ಸುಟ್ಟ ಬರಲಿ ಆ ದಿನಕ್ಕ. ಶ್ರಾವಣದ ಕಡೀ ಸ್ವಾಮಾರ ಅಂತ ನಾ ಒಪ್ಪತ್ತು ಇದ್ದೆ. ಕೈಯಾಗ ಎರಡು ಬಾಳಿಹಣ್ಣು ಹಿಡಕೊಂಡು ಕೂತೀನಿ, ಬಾಗಲಿಗೇ ಜೀಪು ಬಂತು ನೋಡು.”

ಯಶೋಧಾ ತಲೆಯೆತ್ತಿದಳು.

“ಜೀಪು ಬಂದಿದ್ದು ಯಾವತ್ತು ಅಂದಿ?”

“ಕಡೀ ಸ್ವಾಮಾರ. ನಾ ಒಪ್ಪತ್ತು ಇದ್ದಿದ್ದು ಮರೀತೀನೇನು?”

ಯಶೋಧಾ ಮೊಬೈಲು ತೆಗೆದು ಹೋದ ವರ್ಷದ ಆಗಸ್ಟ್ ತಿಂಗಳು ನೋಡಿದಳು. ಹದಿನೆಂಟು, ಸೋಮವಾರ. ಅವಳಿಗೆ ಒಮ್ಮೆಲೇ ಹಸಿವಾಯಿತು. ತಿಮ್ಮವ್ವನ ಗಂಟಿನಿಂದ ರೊಟ್ಟಿ ಎಳೆದುಕೊಂಡು ತಿನ್ನತೊಡಗಿದಳು.

“ಏನಾತ ಯವ್ವಾ?”

“ಏನಿಲ್ಲ. ನಮ್ಮಪ್ಪ ನೆನಪಾದ.”

ಯಶೋಧಾ ಗುಂಜಹಳ್ಳಿಯವಳು. ಅವಳಪ್ಪ ಹಂಪಣ್ಣ ಜೀವಮಾನವಿಡೀ ಗೌಡರೊಬ್ಬರ ಹೊಲದಲ್ಲಿ ಎತ್ತು ಹೊಡೆದವನು. ಗೌಡರು ಶಿವಭಕ್ತರು, ಕೂಲಿಯವನಿಗೆ ರಜೆ ಕೊಡುವುದೆಂದರೆ ಗೊತ್ತಿಲ್ಲದವರು. ಆದರೆ ಸೋಮವಾರ ಬಸವಣ್ಣನ ವಾರ, ಎತ್ತಿನ ಹೆಗಲಿಗೆ ನೊಗ ಇಡುವ ಹಾಗಿಲ್ಲ. ಎತ್ತಿನ ಪುಣ್ಯದಿಂದ ಅಪ್ಪನಿಗೂ ಅವತ್ತು ಬಿಡುವು. ಅವಳು ಅಪ್ಪನ ತೊಡೆಯ ಮೇಲೆ ಕೂತು ಆಡಿದ್ದೆಲ್ಲ ಸೋಮವಾರಗಳಲ್ಲೇ.

*

“ಗಡಿಗೆಪ್ಪನವರ, ನಿಮ್ಮ ಎತ್ತು ಎಷ್ಟು ಹಲ್ಲಿನವ್ರಿ?”

ಗಡಿಗೆಪ್ಪ ಇಂಥ ಪ್ರಶ್ನೆಯನ್ನು ನಿರೀಕ್ಷಿಸಿರಲಿಲ್ಲ. ಬಿಗಿದುಕೊಂಡಿದ್ದ ಅವನ ಮುಖ ಸಡಿಲವಾಯಿತು.

“ಎಲ್ಲಾ ಹಲ್ಲು ಬಂದು ಬಾಯಿಗೂಡ್ಯಾವ್ರಿ. ಕರುಗಳಿದ್ದಾಗ ತಂದು ನಾನ ಬೆಳೆಸೀನಿ.”

“ಟ್ರ್ಯಾಕ್ಟರ್ ತಗೊಳ್ಳಿಲ್ಲೇನು?”

“ಮಕ್ಕಳು ತಗೋ ಅಂತಾರ್ರಿ. ನಾ ಇರೋತನಕ ಬಸವಣ್ಣ ಮನಿ ಬಿಟ್ಟು ಹೋಗಂಗಿಲ್ಲ ಅಂದೀನಿ.”

ಮುಷರ್ರಫ್ ಎದ್ದು ನಿಂತರು. “ಸ್ವಾಮಿ, ಎತ್ತಿನ ಹಲ್ಲಿಗೂ ಈ ಕೇಸಿಗೂ ಏನು ಸಂಬಂಧ?”

“ಇನ್ನೆರಡು ಪ್ರಶ್ನೆಗೆ ಗೊತ್ತಾಗುತ್ತದೆ ಸ್ವಾಮಿ,” ಯಶೋಧಾ ಹೇಳಿದಳು. ಮ್ಯಾಜಿಸ್ಟ್ರೇಟರು ತಲೆಯಾಡಿಸಿದರು.

“ನಿಮ್ಮಂಥಾ ಭಕ್ತರ ಮನ್ಯಾಗ ವಾರ ಹಿಡೀತಾರಲ್ಲ. ಸೋಮವಾರ ಎತ್ತು ಹೂಡ್ತೀರೇನ್ರಿ?”

“ಶಿವ ಶಿವಾ!” ಗಡಿಗೆಪ್ಪ ಎರಡೂ ಕೈಯಿಂದ ಗಲ್ಲ ಮುಟ್ಟಿಕೊಂಡ. “ಏನ್ ಮಾತಂತ ಆಡ್ತೀರಿ ತಂಗೀ? ನಮ್ಮಪ್ಪ ಹೂಡಿಲ್ಲ, ನಮ್ಮಜ್ಜ ಹೂಡಿಲ್ಲ. ಸ್ವಾಮಾರ ನೊಗ ಮುಟ್ಟಿದ್ರ ನಮ್ಮ ಮನ್ಯಾಗ ಒಲಿ ಹಚ್ಚಂಗಿಲ್ಲ.”

“ಬಿತ್ತಿಗಿ ತಡಾ ಆಗ್ತದ, ಮಳಿ ಬರಂಗಾಗ್ಯದ ಅಂದ್ರೂ?”

“ಇಡೀ ಬೆಳಿ ಹೋದ್ರೂ ಹೂಡಂಗಿಲ್ರಿ.”

“ಶ್ರಾವಣ ಸೋಮವಾರ?”

“ಅವತ್ತಂತೂ ಎತ್ತಿನ ಮೈ ತೊಳದು, ಪೂಜಿ ಮಾಡಿ, ಹೋಳಿಗಿ ತಿನ್ನಿಸ್ತೀವಿ. ಮುಟ್ಟೋ ಮಾತ ಇಲ್ಲ.”

“ಇದನ್ನ ಬರಕೋಬೇಕಂತ ವಿನಂತಿ ಸ್ವಾಮಿ,” ಎಂದಳು ಯಶೋಧಾ. ಬೆರಳಚ್ಚಿನವನ ಕೈ ಓಡಿತು. ಅದು ನಿಲ್ಲುವವರೆಗೂ ಕಾದು ಅವಳು ಮೆಲ್ಲಗೆ ಕೇಳಿದಳು. “ಹೋದ ವರ್ಷ ಆಗಸ್ಟ್ ಹದಿನೆಂಟು ಯಾವ ವಾರ ಇತ್ರಿ?”

ಗಡಿಗೆಪ್ಪ ಬೆರಳು ಮಡಚಿ ಎಣಿಸತೊಡಗಿದ. ತಾರೀಖು ಅವನ ಲೆಕ್ಕದ್ದಲ್ಲ, ಬ್ಯಾಂಕಿನವರದು, ಪೊಲೀಸರದು. ಅವನ ಬದುಕು ನಡೆಯುವುದು ವಾರದ ಮೇಲೆ, ಅಮಾಸೆ ಹುಣ್ಣಿಮೆಯ ಮೇಲೆ. ಬೆಳಿಗ್ಗೆ ವರಾಂಡದಲ್ಲಿ ಅವನಿಗೆ ಬಾಯಿಪಾಠ ಮಾಡಿಸಿದ ಬೆಂಗಳೂರಿನ ಉಮೇಶನಿಗೆ ವಾರದ ಮಹಿಮೆ ಗೊತ್ತಿರಲಿಲ್ಲ, ಪಾಠ ಒಪ್ಪಿಸಿದವನು ತಾರೀಖನ್ನು ವಾರಕ್ಕೆ ತಿರುಗಿಸಿ ನೋಡಿರಲಿಲ್ಲ.

ಮ್ಯಾಜಿಸ್ಟ್ರೇಟರೇ ಕ್ಲರ್ಕಿಗೆ ಹೇಳಿ ಹೋದ ವರ್ಷದ ಕ್ಯಾಲೆಂಡರು ತೆಗೆಸಿ ನೋಡಿದರು. “ಸೋಮವಾರ. ಶ್ರಾವಣದ ಕೊನೇ ಸೋಮವಾರ.”

ಬೆರಳಚ್ಚಿನವನು ಅದನ್ನೂ ಬರೆದುಕೊಂಡ.

“ಈಗ ಹೇಳ್ರಿ ಗಡಿಗೆಪ್ಪನವರ,” ಯಶೋಧಾಳ ದನಿಯಲ್ಲಿ ಸೇಡು ಇರಲಿಲ್ಲ. ಅಪ್ಪನ ವಯಸ್ಸಿನ ಮನುಷ್ಯನನ್ನು ಹೀಗೆ ನಿಲ್ಲಿಸಿದ್ದಕ್ಕೆ ಅವಳಿಗೆ ನಿಜವಾಗಿಯೂ ಕೆಡುಕೆನಿಸಿತ್ತು. “ಶ್ರಾವಣದ ಕಡೀ ಸೋಮವಾರ ನೀವು ಬಸವಣ್ಣನ ಹೆಗಲಿಗೆ ನೊಗ ಇಟ್ಟಿದ್ರಿ?”

ಹೌದೆಂದರೆ ಮಸರಕಲ್ಲಿಗೆ ಮರಳಿ ಯಾವ ಮುಖ ತೋರಿಸಬೇಕು? ಇಲ್ಲವೆಂದರೆ ದೇವರ ಮೇಲೆ ಪ್ರಮಾಣ ಮಾಡಿ ಹೇಳಿದ್ದು ಸುಳ್ಳಾಯಿತು. ಗಡಿಗೆಪ್ಪನ ಕೈ ತಾನಾಗಿಯೇ ಕೊರಳ ಕರಡಿಗೆಗೆ ಹೋಯಿತು.

ಮುಷರ್ರಫ್ ಬಯಸಿದ್ದರೆ ಮಧ್ಯೆ ಬಾಯಿ ಹಾಕಬಹುದಿತ್ತು, ಮುದುಕನಿಗೆ ತಾರೀಖು ಮರೆತಿದೆ ಎನ್ನಬಹುದಿತ್ತು. ಅವರು ಪೆನ್ನಿನ ಮುಚ್ಚಳ ಹಾಕಿ ಸುಮ್ಮನೆ ಕುಳಿತರು. ಯಶೋಧಾ ಅದನ್ನು ಕಂಡು ಮನಸ್ಸಿನಲ್ಲೇ ಕೈ ಮುಗಿದಳು.

“ಇಲ್ರೀ,” ಗಡಿಗೆಪ್ಪ ಕರಡಿಗೆ ಹಿಡಿದುಕೊಂಡೇ ಹೇಳಿದ. “ನಾ ಎತ್ತು ಹೂಡಿಲ್ಲ. ಅವತ್ತು ನಾ ಹೊಲಕ್ಕ ಹೋಗೇ ಇಲ್ಲ.”

“ಮತ್ತೆಲ್ಲಿದ್ರಿ?”

“ಮಾನ್ವಿ ಸ್ಟೇಷನ್ನಿನಾಗ. ನನ್ನ ಮಗ ಬಜಾರದಾಗ ಯಾರಿಗೋ ಬೈಕ್ ಗುದ್ದಿದ್ದ. ಗಾಡಿ ಸ್ಟೇಷನ್ನಿನಾಗ ಇತ್ತು. ಎತ್ತಿಗೆ ಬಿಡುವು, ನಂಗೂ ಬಿಡುವು ಅಂತ ಬಿಡಿಸಿಕೊಂಡು ಹೋಗಾಕ ಬಂದಿದ್ದೆ. ಸಾಹೇಬ್ರು ಇದಕ್ಕೊಂದು ಸಹಿ ಮಾಡು, ಗಾಡಿ ಒಯ್ಯಿ ಅಂದ್ರು.”

“ಈ ಹುಡುಗ ಗಂಟು ಅಗೆದು ತಗದಿದ್ದು?”

“ನಾ ನೋಡಿಲ್ಲ. ಗಂಟು ಸ್ಟೇಷನ್ನಿಗೇ ಬಂತು.” ಅವನು ಮೊದಲ ಸಲ ದುರುಗೇಶನತ್ತ ತಿರುಗಿದ. “ತಪ್ಪಾತೋ ತಮ್ಮಾ. ಕೊರವರ ಹುಡುಗ, ಮಾಡಿದ್ರೂ ಮಾಡಿರಬೇಕು ಅಂತ ಮನಸ್ಸಿಗೆ ಸಮಾಧಾನ ಹೇಳಿಕೊಂಡಿದ್ದೆ.”

ಕಿಟಕಿಯಾಚೆ ನಿಂತಿದ್ದ ತಿಮ್ಮವ್ವ ಸರಳು ಹಿಡಿದುಕೊಂಡು ಗಟ್ಟಿಯಾಗಿ ಅತ್ತುಬಿಟ್ಟಳು. ಜವಾನ ಸುಮ್ಮನಿರೆಂದು ಸನ್ನೆ ಮಾಡಿದ, ಆದರೆ ಅವನಿಗೂ ಗದರಿಸುವ ಮನಸ್ಸಾಗಲಿಲ್ಲ.

ಉತ್ತರ ಗೊತ್ತಿಲ್ಲದ ಪ್ರಶ್ನೆಯನ್ನು ಪಾಟೀಸವಾಲಿನಲ್ಲಿ ಕೇಳಬೇಡ ಎಂದು ಯಶೋಧಾಳಿಗೆ ಅವಳ ಹಿರಿಯ ವಕೀಲರು ತಲೆ ಕುಟ್ಟಿ ಹೇಳಿದ್ದರು. ಇಷ್ಟಕ್ಕೆ ಕುಳಿತರೆ ಸಾಕಿತ್ತು, ಕೇಸು ಬಿದ್ದಂತೆಯೇ. ಆದರೆ ಪುರಾವೆ ಸಾಲದೆಂದು ಬಿಟ್ಟರೆ ಊರವರ ಬಾಯಲ್ಲಿ ದುರುಗೇಶ ತಪ್ಪಿಸಿಕೊಂಡ ಕಳ್ಳನೇ. ಅವನ ಶಹನಾಯಿಯನ್ನು ಯಾರೂ ಕರೆಯುವುದಿಲ್ಲ. ಅವಳು ಕುಳಿತುಕೊಳ್ಳಲಿಲ್ಲ.

“ಗಂಟು ಯಾರು ತಂದ್ರಿ?”

“ಸಂಜಿ ಮುಂದ ಆಟೋದಾಗ ಒಬ್ಬ ಹೆಣಮಗಳು ಬಂದ್ಲು. ಗಂಟು ಸಾಹೇಬ್ರ ಮೇಜಿನ ಮ್ಯಾಲ ಇಟ್ಟು ಕೈ ಮುಗಿದು ಅತ್ಲು. ಏನಂದ್ಲೋ ನಂಗ ಕೇಳಲಿಲ್ಲ.”

“ಗುರುತು ಹಿಡೀತೀರಾ?”

ಗಡಿಗೆಪ್ಪ ಕೈ ಎತ್ತಬೇಕಾಗಲಿಲ್ಲ. ಹಿಂದಿನ ಬೆಂಚಿನಲ್ಲಿ ವಿಜಯಲಕ್ಷ್ಮಿ ತಾನೇ ಎದ್ದು ನಿಂತಿದ್ದಳು. ಬಸವಲಿಂಗ ಅವಳ ಸೆರಗು ಹಿಡಿದು ಜಗ್ಗಿದ.

“ಕುಂದ್ರು. ನಿಂಗ್ಯಾಕ ಬೇಕು?”

“ಬಿಡ್ರಿ,” ಅವಳು ಸೆರಗು ಬಿಡಿಸಿಕೊಂಡಳು. “ನಾ ಹೇಳೋದದ.”

ಮ್ಯಾಜಿಸ್ಟ್ರೇಟರು ಗಡಿಗೆಪ್ಪನನ್ನು ಇಳಿಸಿ, ಆಕೆಯನ್ನು ಕೋರ್ಟಿನ ಸಾಕ್ಷಿಯಾಗಿ ಕಟಕಟೆಗೆ ಕರೆದರು. ಆಕೆ ಪ್ರಮಾಣ ಮಾಡಿ ಮಾತು ಶುರು ಮಾಡಿದಳು.

“ಹುಡುಗನ್ನ ಹಿಡಿದ್ರಂತ ಕೇಳಿದ ದಿನಾನ ಮುಖವಾಡ ನಮ್ಮ ಅಟ್ಟದ ಮ್ಯಾಲ, ಹಳೇ ಹಾಸಿಗಿ ಸುರುಳ್ಯಾಗ ಸಿಕ್ತ್ರಿ. ನಂಗ ಎದಿ ಒಡದಂಗಾತು. ಯಾರಿಗೂ ಹೇಳದ ಒಯ್ದು ಸ್ಟೇಷನ್ನಿಗೆ ಕೊಟ್ಟೆ. ಕಳುವಾಗಿಲ್ಲರೀ, ಹುಡುಗನ್ನ ಬಿಡ್ರಿ ಅಂದೆ. ಬಿಡ್ತೀವಿ ಅಂದ್ರು. ಬಿಟ್ಟಾರ, ಮುಖವಾಡ ಕಾಗದ ಪತ್ರ ಮುಗಿಯೋತನಕ ಅಲ್ಲೇ ಇರ್ತದ ಅಂತ ನಮ್ಮ ಮನಿಯವ್ರೂ ಹೇಳಿದ್ರು.” ಅವಳು ಕಿಟಕಿಯ ಕಡೆ ನೋಡಿದಳು. “ನಿನ್ನಿ ಗಿರಣಿ ಹೆಂಗಸರು ಮಾತಾಡಾಕತ್ತಿದ್ದು ಕಿವಿಗೆ ಬಿತ್ತು, ಹುಡುಗ ಇನ್ನೂ ಜೈಲಿನ್ಯಾಗ ಅದಾನ ಅಂತ. ರಾತ್ರಿ ಅನ್ನ ಸೇರಲಿಲ್ರಿ.”

ಮ್ಯಾಜಿಸ್ಟ್ರೇಟರು ಬಹಳ ಹೊತ್ತು ಬರೆದುಕೊಂಡರು. ಆಮೇಲೆ ತಲೆಯೆತ್ತಿದರು. “ಆರೋಪಿಯನ್ನು ಸ್ವಂತ ಮುಚ್ಚಳಿಕೆಯ ಮೇಲೆ ಇವತ್ತೇ ಬಿಡುಗಡೆ ಮಾಡಿ. ಜಾಮೀನುದಾರರು ಬೇಕಿಲ್ಲ.”

ದುರುಗೇಶನಿಗೆ ಅರ್ಥವಾಗಲಿಲ್ಲ. ಹುಲಿಗೇಶನೇ ಅವನ ಬೆನ್ನು ತಟ್ಟಿ, “ಸಂಜಿಗಿ ಊರಿಗೆ ಹೋಗಲೇ,” ಎಂದು ಪಿಸುಗುಟ್ಟಿದ. ಯಶೋಧಾಳ ಕಣ್ಣು ತುಂಬಿ ಬಂತು. ಕರಿ ಕೋಟಿನ ತೋಳಿನಿಂದ ಒರೆಸಿಕೊಂಡು, ಯಾರೂ ನೋಡಲಿಲ್ಲವೆಂದು ತಿಳಿದುಕೊಂಡಳು.

“ಮುದ್ದೆಮಾಲು ತೆಗೆದು ಈ ಸಾಕ್ಷಿಗೆ ತೋರಿಸಿ. ಗುರುತು ಹೇಳಲಿ,” ಎಂದರು ಮ್ಯಾಜಿಸ್ಟ್ರೇಟರು.

ಕ್ಲರ್ಕು ಮೊಹರು ಒಡೆದು, ಬಟ್ಟೆ ಬಿಚ್ಚಿ, ಬೆಳ್ಳಿ ಮುಖವಾಡವನ್ನು ಕಟಕಟೆಯ ಮೇಲಿಟ್ಟ. ವಿಜಯಲಕ್ಷ್ಮಿ ಮೊದಲು ಕೈ ಮುಗಿದಳು. ಹತ್ತಿರ ಬಾಗಿದಳು. ಮುಗಿದ ಕೈ ಹಾಗೇ ನಿಂತಿತು.

“ಇದಲ್ರಿ.”

“ಏನು?”

“ನಾ ಕೊಟ್ಟಿದ್ದು ಇದಲ್ಲ. ಲಗ್ನಾಗಿ ಬಂದಾಗಿನಿಂದ ದಿನಾ ಬೆಳಿಗ್ಗಿ ನಮ್ಮ ವೀರಭದ್ರನ ಮುಖ ವಿಭೂತಿ ಹಚ್ಚಿ ತಿಕ್ಕಿದಾಕಿ ನಾನು. ನಮ್ಮತ್ತಿ, ಅವರತ್ತಿ ತಿಕ್ಕಿ ತಿಕ್ಕಿ ಮೀಸಿ ಸವದು ನುಣ್ಣಗಾಗಿತ್ತು. ಇದರ ಮೀಸಿ ನೋಡ್ರಿ, ಮೊನ್ನೆ ಮಾಡಿಸಿದಂಗದ.”

ಮುಷರ್ರಫ್ ಎದ್ದೇ ಬಂದು ಮುಖವಾಡದ ಮೇಲೆ ಬಾಗಿದರು. ಮ್ಯಾಜಿಸ್ಟ್ರೇಟರು ಹಿಂದಿನ ಬೆಂಚಿನ ಕಡೆ ನೋಡಿದರು. “ಬಸವಲಿಂಗ ಅವರೇ, ಹಿಂದಿನ ವಾಯಿದೆಗೆ ಇದೇ ನಮ್ಮದು ಅಂತ ಪ್ರಮಾಣ ಮಾಡಿ ಹೇಳಿದ್ದು ನೀವೇ ಅಲ್ಲವೆ?”

ಬಸವಲಿಂಗ ಅರ್ಧ ಎದ್ದು ನಿಂತ. ಅವನ ಕಣ್ಣು ಬಾಗಿಲಿಗೆ ಹೋಯಿತು. ವಿಜಯಲಕ್ಷ್ಮಿಯ ಕೈಯಿಂದ ಗಂಟು ಇಸಿದುಕೊಂಡಿದ್ದ, ಇಷ್ಟೊತ್ತು ಬಾಗಿಲ ಹೊರಗೆ ನಿಂತಿದ್ದ ಪಿಎಸ್‌ಐ ಉಮೇಶ ಈಗ ಅಲ್ಲಿರಲಿಲ್ಲ.

ವಿಜಯಲಕ್ಷ್ಮಿ ಕಟಕಟೆಯಿಂದಲೇ ಗಂಡನನ್ನು ಕೇಳಿದಳು. “ನಮ್ಮ ವೀರಭದ್ರ ಎಲ್ಲ್ಯದಾನ್ರಿ?”

ವಕೀಲರು, ಕ್ಲರ್ಕು, ಜವಾನ, ಕಿಟಕಿಯಾಚೆಯ ಜನ, ಎಲ್ಲರ ಮುಖವೂ ಬಸವಲಿಂಗನತ್ತ ತಿರುಗಿತು. ಈ ಕೇಸು ಶುರುವಾದಾಗಿನಿಂದ ಮೊದಲ ಸಲ, ಕಳುವಿನ ಮಾತು ಬಂದಾಗ ಒಬ್ಬರೂ ದುರುಗೇಶನನ್ನು ನೋಡಲಿಲ್ಲ.